ಬಣ್ಣದ ವೇಷದ ವಿನೈಲ್ ಗೊಂಬೆಯನ್ನು ಮನೆಯಲ್ಲೇ ಮಾಡಬಹುದೇ?

ಪ್ರಶ್ನೆ: ಮಗಳಿಗೆ ದೊಡ್ಡ ತಲೆಯ ವಿನೈಲ್ ಗೊಂಬೆಗಳನ್ನು ಸಂಗ್ರಹಿಸುವ ಹುಚ್ಚು. ಸಿನಿಮಾದ ಸೂಪರ್‌ಹೀರೊಗಳೆಲ್ಲ ಕಪಾಟಿನಲ್ಲಿದ್ದಾರೆ. ಈಗ ಯಕ್ಷಗಾನದಲ್ಲಿ ರಾಕ್ಷಸ ಪಾತ್ರಗಳಿಗೆ ಕಟ್ಟುವ ಬಣ್ಣದ ವೇಷ ಬೇಕು ಎನ್ನುತ್ತಾಳೆ. ಅದು ಯಾವ ಅಂಗಡಿಯಲ್ಲೂ ಇಲ್ಲ. ವಿನೈಲನ್ನು ಕರಗಿಸಿ ಅಚ್ಚಿಗೆ ಹೊಯ್ದು ಮನೆಯಲ್ಲೇ ಮಾಡಿಕೊಳ್ಳಲು ಸಾಧ್ಯವೇ? (ಬದಿಯಡ್ಕದ ಓದುಗರೊಬ್ಬರು)

ಉತ್ತರ: ಗೊಂಬೆ ಮಾಡಿಕೊಳ್ಳಲು ಖಂಡಿತ ಸಾಧ್ಯ. ಆದರೆ ವಿನೈಲನ್ನು ಕರಗಿಸುವ ಯೋಚನೆಯನ್ನು ಇಂದೇ ಬಿಟ್ಟುಬಿಡಿ. ಕಾಸರಗೋಡು, ಕುಂಬಳೆ, ಮಂಜೇಶ್ವರದ ಕಡೆಯಿಂದ ಈ ಪ್ರಶ್ನೆ ಮತ್ತೆ ಮತ್ತೆ ಬರುತ್ತದೆ. ಹಳೆಯ ಪಿವಿಸಿ ಪೈಪಿನ ತುಂಡನ್ನು ಒಲೆಯ ಮೇಲಿಟ್ಟರೆ ಸಾಕೆಂದು ಅನೇಕರು ತಿಳಿದಿದ್ದಾರೆ. ಆದ್ದರಿಂದ ಮೊದಲು ಅದನ್ನೇ ವಿವರಿಸುತ್ತೇನೆ.

ಗೊಂಬೆಯ ವಿನೈಲ್ ಎಂದರೆ ಪೈಪಿನಲ್ಲಿರುವ ಪಿವಿಸಿಯೇ. ಅದನ್ನು ಮೆದುವಾಗಿಸಲು ಎಣ್ಣೆಯಂತಹ ದ್ರವವೊಂದನ್ನು ಬೆರೆಸಿರುತ್ತಾರೆ. ಇದಕ್ಕೆ ಪ್ಲಾಸ್ಟಿಸೈಜರ್ ಎಂದು ಹೆಸರು. ಪಿವಿಸಿ ಪುಡಿಯನ್ನು ಈ ದ್ರವದಲ್ಲಿ ಕಲಸಿದಾಗ ಸಿಗುವ ದಪ್ಪ ಹಾಲಿನಂತಹ ವಸ್ತು ಪ್ಲಾಸ್ಟಿಸೋಲ್. ಜಪಾನಿನಲ್ಲಿ ಸೋಫುಬಿ ಎಂದು ಕರೆಯುವ ಮೆದು ವಿನೈಲ್ ಗೊಂಬೆಗಳ ಕಾರ್ಖಾನೆಗಳಲ್ಲಿ ಮೊದಲು ಮೇಣದ ಮೂಲಪ್ರತಿ ಸಿದ್ಧವಾಗುತ್ತದೆ. ವಿದ್ಯುತ್ ಲೇಪನದಿಂದ ಅದರ ಮೇಲೆ ತಾಮ್ರವನ್ನು ದಪ್ಪಗೆ ಕೂರಿಸಿ ಲೋಹದ ಅಚ್ಚು ಮಾಡುತ್ತಾರೆ. ಅಚ್ಚಿಗೆ ಪ್ಲಾಸ್ಟಿಸೋಲ್ ತುಂಬಿ ಕಾದ ಎಣ್ಣೆಯಲ್ಲಿ ಇಳಿಸಿದರೆ ಲೋಹಕ್ಕೆ ತಾಗಿದ ಪದರ ಗಟ್ಟಿಯಾಗುತ್ತದೆ, ಒಳಗಿನದು ದ್ರವವಾಗಿಯೇ ಉಳಿಯುತ್ತದೆ. ಆ ದ್ರವವನ್ನು ಹೊರಗೆ ಸುರಿದು ಅಚ್ಚನ್ನು ಇನ್ನೊಮ್ಮೆ ಕಾಯಿಸುತ್ತಾರೆ. ಬಿಸಿ ಆರುವ ಮೊದಲೇ ಗೊಂಬೆಯನ್ನು ಇಕ್ಕಳದಿಂದ ಹಿಡಿದು, ಕುತ್ತಿಗೆಯಷ್ಟು ಸಣ್ಣ ಬಾಯಿಯಿಂದ ಎಳೆದು ತೆಗೆಯುತ್ತಾರೆ. ಗೊಂಬೆ ಟೊಳ್ಳಾಗಿರುವುದು ಹೀಗೆ. ಈ ಕೆಲಸ ಸುಮಾರು 200 ಡಿಗ್ರಿ ಸೆಲ್ಸಿಯಸ್ ಆಸುಪಾಸಿನಲ್ಲಿ ನಡೆಯುತ್ತದೆ. ಪಿವಿಸಿ ವಿಘಟನೆಗೊಳ್ಳಲು ತೊಡಗುವ ಉಷ್ಣತೆಯೂ ಅಲ್ಲಿಂದ ದೂರವಿಲ್ಲ. ಶಾಖ ಸ್ವಲ್ಪ ಮೀರಿದರೆ ಹೈಡ್ರೋಜನ್ ಕ್ಲೋರೈಡ್ ಅನಿಲ ಹೊರಬರುತ್ತದೆ. ಮೂಗು, ಗಂಟಲು, ಶ್ವಾಸಕೋಶದ ತೇವ ತಾಗಿದೊಡನೆ ಅದು ಆಮ್ಲವಾಗುತ್ತದೆ. ಪೈಪಿನ ತುಂಡಂತೂ ಸರಿಯಾಗಿ ಹರಿಯುವ ಮೊದಲೇ ಕರಟಿ ಕಪ್ಪಾಗುತ್ತದೆ. ಅಡುಗೆಮನೆಯಲ್ಲಿ, ಮಕ್ಕಳ ಎದುರಿನಲ್ಲಿ ಮಾಡುವ ಕೆಲಸ ಇದಲ್ಲ.

ಹವ್ಯಾಸಿಗಳು ಜಗತ್ತಿನಾದ್ಯಂತ ಮಾಡುವುದು ಬೇರೆ. ಸಿದ್ಧ ಗೊಂಬೆಯೊಂದನ್ನು ತೆಗೆದುಕೊಂಡು ಅದರ ಮೇಲೆ ಹೊಸ ರೂಪ ಕಟ್ಟುತ್ತಾರೆ, ಹೊಸ ಬಣ್ಣ ಕೊಡುತ್ತಾರೆ. ಬರಿಯ ಬಿಳಿ ಮೈಯ ಗೊಂಬೆಗಳನ್ನು ಇದಕ್ಕೆಂದೇ ಮಾರುವ ಸಂಸ್ಥೆಗಳೂ ಇವೆ. ಅಮೆರಿಕದ ಕಿಡ್‌ರೋಬಾಟ್‌ನ ಮನ್ನಿ ಇವುಗಳಲ್ಲಿ ಹೆಸರಾದದ್ದು. ಆದರೆ ಸಮುದ್ರ ದಾಟಿ ಬರುವ ಗೊಂಬೆ ದುಬಾರಿ. ಮೊದಲ ಪ್ರಯತ್ನಕ್ಕೆ ಅಷ್ಟು ಹಣ ಹಾಕಬೇಡಿ ಎನ್ನುವುದು ನನ್ನ ಸ್ಪಷ್ಟ ಸಲಹೆ. ಜಾತ್ರೆಯ ಸಂತೆಯಲ್ಲಿ, ಬಸ್ ನಿಲ್ದಾಣದ ಪಕ್ಕದ ಫ್ಯಾನ್ಸಿ ಅಂಗಡಿಯಲ್ಲಿ ತೂಗುಹಾಕಿರುವ ಅಗ್ಗದ ಗೊಂಬೆಗಳನ್ನು ನೋಡಿ. ಒತ್ತಿದರೆ ಕೀ ಎನ್ನುವ ಮೆದು ಗೊಂಬೆಗಳು, ಕೂದಲು ನೆಟ್ಟ ಹೆಣ್ಣುಗೊಂಬೆಯ ತಲೆ, ಇವು ಹೆಚ್ಚಾಗಿ ವಿನೈಲಿನವೇ. ನಿಮಗೆ ಬೇಕಾದ ವಸ್ತು ಅಲ್ಲೇ ಇದೆ.

ಒಂದು ತೊಡಕಿದೆ. ಅಗ್ಗದ ಗೊಂಬೆಯ ತಲೆ ವಿನೈಲ್ ಆಗಿದ್ದರೂ ಮೈ ಹಲವು ಬಾರಿ ಪಾಲಿಥೀನ್ ಆಗಿರುತ್ತದೆ. ಪಾಲಿಥೀನಿಗೆ ಬಣ್ಣವೂ ಅಂಟದು, ಗೋಂದೂ ಅಂಟದು. ಒಣಗಿದ ಬಣ್ಣ ಉಗುರು ತಾಗಿದರೆ ಸಿಪ್ಪೆಯಂತೆ ಎದ್ದು ಬರುತ್ತದೆ. ಎರಡನ್ನೂ ಗುರುತಿಸಲು ಸುಲಭದ ಪರೀಕ್ಷೆಯೊಂದಿದೆ. ತಲೆಯನ್ನು ಕಳಚಿ, ಕುತ್ತಿಗೆಯ ಒಳ ಅಂಚಿನಿಂದ ಉಗುರಿನ ತುದಿಯಷ್ಟು ಚೂರನ್ನು ಬ್ಲೇಡಿನಿಂದ ಕತ್ತರಿಸಿ. ಲೋಟದ ನೀರಿಗೆ ಒಂದು ಹನಿ ಪಾತ್ರೆ ತೊಳೆಯುವ ಸಾಬೂನು ಬೆರೆಸಿ, ಚೂರನ್ನು ಬೆರಳಿನಿಂದ ನೀರಿನೊಳಗೆ ಅದುಮಿ ಬಿಡಿ. ಮೇಲೆ ತೇಲಿ ಬಂದರೆ ಅದು ಪಾಲಿಥೀನ್ ಅಥವಾ ಪಾಲಿಪ್ರೊಪಿಲೀನ್, ಅವೆರಡೂ ನೀರಿಗಿಂತ ಹಗುರ. ತಳ ಸೇರಿದರೆ, ಮೆದುವಾಗಿಯೂ ಇದ್ದರೆ, ವಿನೈಲ್ ಎಂದು ನಂಬಬಹುದು. ಸಾಬೂನು ಹಾಕುವುದು ಸುಮ್ಮನೆ ಅಲ್ಲ. ಚೂರಿಗೆ ಗಾಳಿಯ ಗುಳ್ಳೆ ಕಚ್ಚಿಕೊಂಡಿದ್ದರೆ ಮುಳುಗಬೇಕಾದದ್ದೂ ತೇಲುತ್ತದೆ.

ತಲೆ ಕಳಚಲು ಬಲಪ್ರಯೋಗ ಬೇಡ. ಕುದಿಯುವ ನೀರನ್ನು ಇಳಿಸಿಟ್ಟು ಅದರಲ್ಲಿ ಕುತ್ತಿಗೆಯ ಭಾಗವನ್ನು ಒಂದೆರಡು ನಿಮಿಷ ಮುಳುಗಿಸಿ, ಇಲ್ಲವೇ ಹೇರ್ ಡ್ರೈಯರ್ ಹಿಡಿಯಿರಿ. ವಿನೈಲ್ ಮೆತ್ತಗಾಗಿ ತಲೆ ತಿರುಗಿಸಿದರೆ ಸಾಕು, ಹೊರಬರುತ್ತದೆ. ಬಾಗಿದ ಕಾಲನ್ನು ನೇರ ಮಾಡುವುದಕ್ಕೂ ಇದೇ ಉಪಾಯ: ಬಿಸಿ ಮಾಡಿ, ಬೇಕಾದಂತೆ ಹಿಡಿದು, ಹಾಗೆಯೇ ತಣ್ಣೀರಿಗೆ ಅದ್ದಿ.

ಇನ್ನು ತೊಳೆಯುವುದು. ಎಲ್ಲರೂ ಬೇಗ ಮುಗಿಸುವ ಈ ಹಂತವನ್ನು ಅರ್ಧ ಕೆಲಸವೆಂದೇ ನಾನು ಎಣಿಸುತ್ತೇನೆ. ಗೊಂಬೆ ಅಚ್ಚಿನಿಂದ ಸುಲಭವಾಗಿ ಕಳಚಲೆಂದು ಬಳಸಿದ ಜಾರುವ ವಸ್ತು ಮೈಮೇಲೆ ಉಳಿದಿರಬಹುದು, ಅಂಗಡಿಯ ಧೂಳು, ಕೈಯ ಜಿಡ್ಡು ಅದರ ಮೇಲೆ ಸೇರಿರುತ್ತವೆ. ಉಗುರುಬೆಚ್ಚಗಿನ ನೀರು, ಪಾತ್ರೆಯ ಸಾಬೂನು, ಹಳೆಯ ಹಲ್ಲುಜ್ಜುವ ಬ್ರಷ್ ಸಾಕು. ತೊಳೆದು ಒಣಗಿದ ಮೇಲೆ 400 ಮತ್ತು ಆಮೇಲೆ 600 ನಂಬರಿನ ವಾಟರ್ ಪೇಪರನ್ನು ನೀರಿನಲ್ಲಿ ನೆನೆಸಿ ಹಗುರವಾಗಿ ಉಜ್ಜಿ. ಒಣದಾಗಿ ಉಜ್ಜಿದರೆ ಏಳುವ ಧೂಳನ್ನು ಉಸಿರಿನೊಳಗೆ ಎಳೆದುಕೊಳ್ಳಬಾರದು. ಹೊಳಪು ಹೋಗಿ ಮೈ ಮಂಕಾದರೆ ಸಾಕು. ಹಳೆಯ ಬಣ್ಣ ತೆಗೆಯಲು ನೈಲ್ ಪಾಲಿಶ್ ರಿಮೂವರ್ ಅಥವಾ ಥಿನ್ನರ್ ಹಚ್ಚಬೇಡಿ. ಅವುಗಳಲ್ಲಿ ಇರಬಹುದಾದ ಅಸಿಟೋನು ವಿನೈಲಿನ ಮೈಯನ್ನೇ ಉಬ್ಬಿಸಿ ಮೆತ್ತಗೆ ಮಾಡುತ್ತದೆ.

ಬಣ್ಣ ಹಚ್ಚಿ ವಾರಗಳೇ ಕಳೆದರೂ ಗೊಂಬೆ ಕೈಗೆ ಅಂಟುತ್ತದೆ, ಏನು ಮಾಡಲಿ ಎಂದು ಕೇಳುವವರೂ ಇದ್ದಾರೆ. ಕಾರಣ, ಆಗಲೇ ಹೇಳಿದ ಪ್ಲಾಸ್ಟಿಸೈಜರ್. ಅದು ಪಿವಿಸಿಯೊಂದಿಗೆ ರಾಸಾಯನಿಕವಾಗಿ ಬೆಸೆದುಕೊಂಡಿರುವುದಿಲ್ಲ, ನಡುವೆ ಸಿಕ್ಕಿಕೊಂಡು ಇರುತ್ತದೆ ಅಷ್ಟೆ. ಬಾಳೆಕಾಯಿ ಚಿಪ್ಸು ಕಟ್ಟಿದ ಕಾಗದಕ್ಕೆ ಎಣ್ಣೆ ಇಳಿಯುವ ಹಾಗೆ ಅದು ನಿಧಾನಕ್ಕೆ ಮೇಲಿನ ಬಣ್ಣದ ಪದರಕ್ಕೆ ಇಳಿಯುತ್ತದೆ. ಬಾಗಿಲು, ಗೇಟಿಗೆ ಹಚ್ಚುವ ಎನಾಮೆಲ್ ಮತ್ತು ಹಾರ್ಡ್‌ವೇರ್ ಅಂಗಡಿಯ ಹಲವು ಸ್ಪ್ರೇ ಬಣ್ಣಗಳು ಇದರಿಂದ ಎಂದೂ ಪೂರ್ತಿ ಗಟ್ಟಿಯಾಗುವುದಿಲ್ಲ. ನೀರಿನಲ್ಲಿ ಕಲಸುವ ಅಕ್ರಿಲಿಕ್ ಪ್ರೈಮರ್, ಅದರ ಮೇಲೆ ಅಕ್ರಿಲಿಕ್ ಬಣ್ಣ, ಇದೇ ನಂಬಿಕೆಯ ದಾರಿ. ಬಣ್ಣವನ್ನು ತೆಳುವಾಗಿ, ಪದರದ ಮೇಲೆ ಪದರವಾಗಿ ಹಚ್ಚಿ. ಹೊಸ ಬಣ್ಣ ತಂದಾಗಲೆಲ್ಲ ಗೊಂಬೆಯ ಅಂಗಾಲಿಗೆ ಸ್ವಲ್ಪ ಹಚ್ಚಿ ಒಂದು ವಾರ ಕಾದು ನೋಡಿ. ಅಲ್ಲಿ ಅಂಟಿದರೆ ಮುಖದಲ್ಲೂ ಅಂಟುತ್ತದೆ.

ಇಷ್ಟಾದ ಮೇಲೆ ವೇಷ ಕಟ್ಟುವ ಸಂತೋಷ. ಯಕ್ಷಗಾನ ಕವಿ ಪಾರ್ತಿಸುಬ್ಬನ ಊರಿನ ಮಗ್ಗುಲಲ್ಲೇ ಇರುವ ನಿಮಗೆ ತೆಂಕುತಿಟ್ಟಿನ, ಅಂದರೆ ಯಕ್ಷಗಾನದ ತೆಂಕಣ ಶೈಲಿಯ, ವೇಷ ಹೇಗಿರುತ್ತದೆಂದು ನಾನು ಹೇಳಬೇಕಾಗಿಲ್ಲ. ಗೊಂಬೆಗೆ ಇಳಿಸುವಾಗ ಮಾತ್ರ ಅಳತೆಯನ್ನು ಹೊಸದಾಗಿ ಯೋಚಿಸಬೇಕು. ಕಾಸರಗೋಡಿನ ಶ್ರೀ ಗೋಪಾಲಕೃಷ್ಣ ಯಕ್ಷಗಾನ ಬೊಂಬೆಯಾಟ ಸಂಘದ ಆಟವನ್ನು ಅವಕಾಶ ಸಿಕ್ಕಿದಾಗ ಮಗಳಿಗೆ ತೋರಿಸಿ. ಆಳೆತ್ತರದ ವೇಷವನ್ನು ಸಣ್ಣ ಮೈಗೆ ಹೊಂದಿಸುವುದು ಹೇಗೆಂದು ಆ ಸೂತ್ರದ ಬೊಂಬೆಗಳನ್ನು ನೋಡಿ ಕಲಿಯಬಹುದು. ವಿನೈಲ್ ಗೊಂಬೆಯ ತಲೆಯೇ ಮೈಯಷ್ಟು ದೊಡ್ಡದು. ಬಣ್ಣದ ವೇಷದ ಅಗಲವಾದ ಕೇಸರಿತಟ್ಟಿ ಕಿರೀಟವನ್ನು ನಿಜದ ಪ್ರಮಾಣದಲ್ಲಿ ಇಟ್ಟರೆ ಗೊಂಬೆ ನಿಲ್ಲದೆ ಮುಗ್ಗರಿಸುತ್ತದೆ. ಎತ್ತರವನ್ನು ಕಡಿಮೆ ಮಾಡಿ, ಅಗಲವನ್ನು ಉಳಿಸಿಕೊಳ್ಳಿ. ದೂರದಿಂದ ನೋಡಿದರೂ ಬಣ್ಣದ ವೇಷ ಎಂದು ಗೊತ್ತಾಗುವುದು ಆ ಅಗಲದಿಂದ, ಕೆನ್ನೆಯ ಮೇಲಿನ ಬಿಳಿಯ ಮುಳ್ಳುಗಳ ಸಾಲಾದ ಚುಟ್ಟಿಯಿಂದ.

ಕೇಸರಿತಟ್ಟಿಗೆ ಅಡಿಕೆ ಹಾಳೆ ಬಳಸುವ ಮನಸ್ಸಾಗಬಹುದು. ತೋಟದಲ್ಲಿ ಬೇಕಾದಷ್ಟು ಬಿದ್ದಿರುತ್ತದೆ, ನೋಡಲೂ ಚೆನ್ನ. ಆದರೆ ಮಳೆಗಾಲದಲ್ಲಿ ಬೂಸಲು ಹಿಡಿಯುತ್ತದೆ, ಬೇಸಗೆಯಲ್ಲಿ ಸುರುಟುತ್ತದೆ. ಅವಧಿ ಮುಗಿದ ಬ್ಯಾಂಕ್ ಕಾರ್ಡ್ ಇದಕ್ಕಿಂತ ಒಳ್ಳೆಯದು. ಅದು ಸಾಮಾನ್ಯವಾಗಿ ಪಿವಿಸಿಯದೇ, ಆದ್ದರಿಂದ ಬಣ್ಣವೂ ಗೋಂದೂ ಸರಿಯಾಗಿ ಹಿಡಿಯುತ್ತವೆ. ಚಿಪ್ಪನ್ನೂ ಸಂಖ್ಯೆಗಳನ್ನೂ ಮೊದಲೇ ಕತ್ತರಿಸಿ ನಾಶಮಾಡಿ. ಉಳಿದ ಹಾಳೆಯನ್ನು ಬಿಸಿನೀರಿನಲ್ಲಿ ಮೆತ್ತಗಾಗಿಸಿ ತಲೆಯ ಹಿಂಭಾಗಕ್ಕೆ ಹೊಂದುವಂತೆ ಬಾಗಿಸಬಹುದು. ಕಿರೀಟದ ಉಬ್ಬು, ಭುಜಕೀರ್ತಿ, ಎದೆಪದಕಕ್ಕೆ ಎಂ-ಸೀಲಿನಂತಹ ಎಪಾಕ್ಸಿ ಸಾಕು. ಎರಡು ಉಂಡೆಗಳನ್ನು ಒಂದೇ ಬಣ್ಣ ಬರುವವರೆಗೆ ನಾದಿ, ಬೆರಳು ಒದ್ದೆ ಮಾಡಿಕೊಂಡು ಕೂರಿಸಿ. ಗಟ್ಟಿಯಾಗುವ ಮೊದಲು ಸಿಗುವ ಸಮಯ ಕಡಿಮೆ, ಹಾಗಾಗಿ ಒಮ್ಮೆಗೆ ಒಂದು ಆಭರಣಕ್ಕೆ ಬೇಕಾದಷ್ಟನ್ನೇ ಕಲಸಿ. ಕೈಗವಸು ಇರಲಿ, ಎಪಾಕ್ಸಿ ಕೆಲವರ ಚರ್ಮಕ್ಕೆ ಆಗುವುದಿಲ್ಲ.

ಇಲ್ಲಿ ಒಂದು ಎಚ್ಚರ ಬೇಕು. ಒತ್ತಿದರೆ ಬಾಗುವ ಮೈಮೇಲೆ ಕಲ್ಲಿನಷ್ಟು ಗಟ್ಟಿಯಾಗುವ ಎಪಾಕ್ಸಿ ನಿಲ್ಲುವುದಿಲ್ಲ, ಮೊದಲ ಸಲ ಹಿಂಡಿದಾಗಲೇ ಕಳಚುತ್ತದೆ. ತಲೆಯೊಳಗೆ ಅಲ್ಯೂಮಿನಿಯಂ ಹಾಳೆಯನ್ನು ಮುದ್ದೆ ಮಾಡಿ ಬಿಗಿಯಾಗಿ ತುಂಬಿದ ಮೇಲೆಯೇ ಹೊರಗಿನ ಕೆಲಸಕ್ಕೆ ಕೈಹಾಕಿ. ಕಿರೀಟ ಕೂರುವ ಜಾಗದಲ್ಲಿ ನಾಲ್ಕೈದು ಗುಂಡುಸೂಜಿಗಳನ್ನು ಅರ್ಧ ಚುಚ್ಚಿ ಸೂಜಿಗಳ ತಲೆಗಳನ್ನು ಕತ್ತರಿಸಿಬಿಟ್ಟರೆ ಎಪಾಕ್ಸಿಗೆ ಹಿಡಿತ ಸಿಗುತ್ತದೆ. ಕಾಲಿನೊಳಗೆ ಕಬ್ಬಿಣದ ಒಂದೆರಡು ವಾಷರ್ ಹಾಕಿ ಮುಚ್ಚಿದರೆ ಕಿರೀಟದ ಭಾರ ಸರಿಹೋಗುತ್ತದೆ.

ಚುಟ್ಟಿಯ ಬಗ್ಗೆ ಸ್ವಲ್ಪ ಹೆಚ್ಚು ಹೇಳುತ್ತೇನೆ, ಏಕೆಂದರೆ ಇಡೀ ಗೊಂಬೆಯ ಜೀವ ಅದರಲ್ಲಿದೆ. ವೇಷ ಕಟ್ಟಿಕೊಳ್ಳುವ ಕೋಣೆಯಾದ ಚೌಕಿಯಲ್ಲಿ ಕಲಾವಿದರು ಅಕ್ಕಿಹಿಟ್ಟು ಮತ್ತು ಸುಣ್ಣ ಕಲಸಿ ಕೆನ್ನೆಯ ಮೇಲೆ ಒಂದೊಂದೇ ಮುಳ್ಳನ್ನು ಎಬ್ಬಿಸುತ್ತ ಗಂಟೆಗಟ್ಟಲೆ ಕೂರುತ್ತಾರೆ. ಗೊಂಬೆಯ ಮೇಲೆ ಅದನ್ನು ಬಿಳಿ ಗೆರೆಯಾಗಿ ಎಳೆದರೆ ಸಪ್ಪೆಯಾಗುತ್ತದೆ. ಕಲಾಸಾಮಗ್ರಿಯ ಅಂಗಡಿಯಲ್ಲಿ ಸಿಗುವ ದಪ್ಪ ಅಕ್ರಿಲಿಕ್ ಪೇಸ್ಟ್ ತೆಗೆದುಕೊಳ್ಳಿ. ಗುಂಡುಸೂಜಿಯ ತಲೆಯನ್ನು ಅದಕ್ಕೆ ತಾಗಿಸಿ, ಗೊಂಬೆಯ ಕೆನ್ನೆಗೆ ಒತ್ತದೆ ಮುಟ್ಟಿಸಿ, ನೇರವಾಗಿ ಮೇಲಕ್ಕೆ ಎತ್ತಿ. ಪೇಸ್ಟ್ ಹದವಾಗಿದ್ದರೆ ಎತ್ತುವಾಗ ಒಂದು ಪುಟ್ಟ ತುದಿ ನಿಂತುಬಿಡುತ್ತದೆ. ತುದಿ ಕುಸಿದು ಚುಕ್ಕಿಯಾದರೆ ಪೇಸ್ಟ್ ತೆಳುವಾಗಿದೆ ಎಂದರ್ಥ, ಗಾಳಿಗೆ ಸ್ವಲ್ಪ ಹೊತ್ತು ತೆರೆದಿಡಿ. ಎರಡೂ ಕೆನ್ನೆಗಳಲ್ಲಿ ಸಾಲನ್ನು ಗದ್ದದ ನಡುವಿನಿಂದ ಆರಂಭಿಸಿ, ಎಡಕ್ಕೊಂದು ಬಲಕ್ಕೊಂದು ಇಡುತ್ತ ಹೋಗಿ. ಒಂದು ಕಡೆ ಮುಗಿಸಿ ಇನ್ನೊಂದು ಕಡೆಗೆ ಹೋದರೆ ಕೊನೆಯಲ್ಲಿ ಸಾಲು ಕೂಡುವುದಿಲ್ಲ. ಮುಖದ ಬಣ್ಣವೆಲ್ಲ ಒಣಗಿದ ಮೇಲೆಯೇ ಚುಟ್ಟಿ ಇಡಿ, ಆಮೇಲೆ ಕುಂಚ ಆಡಿಸಲು ಜಾಗ ಇರುವುದಿಲ್ಲ.

ವರ್ಷಕ್ಕೆ ಸುಮಾರು 3,500 ಮಿಲಿಮೀಟರ್ ಮಳೆ ಬೀಳುವ ಜಿಲ್ಲೆ ನಮ್ಮದು, ಹಾಗಾಗಿ ಕೆಲಸದ ಕಾಲವೂ ಮುಖ್ಯ. ಕೊನೆಗೆ ಹೊಡೆಯುವ ಸ್ಪ್ರೇ ವಾರ್ನಿಶ್ ತೇವದ ಗಾಳಿಯಲ್ಲಿ ಹಾಲುಬಿಳುಪಾಗಿ ಮಂಕಾಗುತ್ತದೆ, ಕಪ್ಪು ಬಣ್ಣದ ಮೇಲಂತೂ ಎದ್ದು ಕಾಣುತ್ತದೆ. ಎಪಾಕ್ಸಿ ಕೆಲಸವನ್ನು ಮಳೆಗಾಲದ ಆಟಿ ತಿಂಗಳಲ್ಲಿ ಮಾಡಿಕೊಳ್ಳಿ, ವಾರ್ನಿಶನ್ನು ಒಣ ಹವೆಯ ದಿನಗಳಿಗೆ ಬಿಡಿ. ಮಳೆಯಲ್ಲೇ ಮುಗಿಸಬೇಕೆಂದಿದ್ದರೆ ನೀರಿನಲ್ಲಿ ಕಲಸುವ ಮ್ಯಾಟ್ ವಾರ್ನಿಶನ್ನು ಕುಂಚದಿಂದ ಹಚ್ಚಿ.

ಒಂದೇ ಬಗೆಯ ಹಲವು ಗೊಂಬೆಗಳು ಬೇಕೆಂದರೆ ಸಿಲಿಕೋನಿನ ಅಚ್ಚು ಮಾಡಿ ಪಾಲಿಯುರೆಥೇನ್ ರಾಳ ಹೊಯ್ಯುವ ದಾರಿಯಿದೆ. ಬರುವುದು ವಿನೈಲ್ ಅಲ್ಲ, ಗಟ್ಟಿ ರಾಳದ ಗೊಂಬೆ. ಈ ರಾಳ ಗಾಳಿಯ ತೇವದೊಂದಿಗೆ ಸೇರಿ ಇಂಗಾಲದ ಡೈಆಕ್ಸೈಡ್ ಬಿಡುತ್ತದೆ. ಮಳೆಗಾಲದಲ್ಲಿ ಹೊಯ್ದರೆ ಮೈತುಂಬ ಗುಳ್ಳೆಗಳಾಗುವುದು ಅದಕ್ಕೇ. ಮೂಲಪ್ರತಿಯನ್ನು ಗಂಧಕ ಬೆರೆತ ಜೇಡಿಯಲ್ಲಿ ಮಾಡಿದ್ದರೆ ಪ್ಲಾಟಿನಂ ಬಗೆಯ ಸಿಲಿಕೋನು ಗಟ್ಟಿಯಾಗುವುದೇ ಇಲ್ಲ. ಈ ರಾಳದ ಹಬೆ ಒಳ್ಳೆಯದಲ್ಲ. ಅದು ದೊಡ್ಡವರು ಗಾಳಿಯಾಡುವ ಜಾಗದಲ್ಲಿ ಮಾಡಬೇಕಾದ ಕೆಲಸ, ಮಗಳ ಕೈಗೆ ಕೊಡಬೇಡಿ.

ಮಾಡಿದ್ದನ್ನು ಮಾರುವ ಆಸೆ ಬಂದರೆ ಎರಡು ವಿಷಯ ತಿಳಿದಿರಲಿ. 14 ವರ್ಷದೊಳಗಿನ ಮಕ್ಕಳ ಆಟಿಕೆಗಳಿಗೆ 2021ರ ಜನವರಿ 1ರಿಂದ ಐಎಸ್‌ಐ ಗುರುತು ಕಡ್ಡಾಯ. ಕರಕುಶಲ ಅಭಿವೃದ್ಧಿ ಆಯುಕ್ತರ ಕಚೇರಿಯಲ್ಲಿ ನೋಂದಾಯಿಸಿಕೊಂಡ ಕುಶಲಕರ್ಮಿಗಳಿಗೆ ಇದರಲ್ಲಿ ವಿನಾಯಿತಿ ಇದೆ. ಇನ್ನು, ಕಂಪನಿಯೊಂದರ ಗೊಂಬೆಯಿಂದಲೇ ಅಚ್ಚು ತೆಗೆದು ನಕಲುಗಳನ್ನು ಮಾರುವುದು ಹಕ್ಕುಸ್ವಾಮ್ಯದ ಉಲ್ಲಂಘನೆ. ಬಣ್ಣದ ವೇಷ ಯಾವ ಕಂಪನಿಯ ಸೊತ್ತೂ ಅಲ್ಲ, ಅದನ್ನು ಧೈರ್ಯವಾಗಿ ಮಾಡಬಹುದು. ಆದರೆ ಮುಖವರ್ಣಿಕೆಯಲ್ಲಿ ಒಬ್ಬೊಬ್ಬ ವೇಷಧಾರಿಗೂ ಸ್ವಂತದ್ದೆನ್ನುವ ರೀತಿ ಇರುತ್ತದೆ. ನೀವು ಮೆಚ್ಚಿದ ಕಲಾವಿದರೊಬ್ಬರ ವರ್ಣಿಕೆಯನ್ನೇ ಗೊಂಬೆಗೆ ಇಳಿಸುವುದಾದರೆ ಆಟ ಶುರುವಾಗುವ ಮೊದಲು ಚೌಕಿಗೆ ಹೋಗಿ ಅವರನ್ನು ಕೇಳಿ, ಒಪ್ಪಿದ ಮೇಲೆ ಮಾಡಿ.