ಪ್ರತಿ ಸಲ ಬೇರೆ ಹ್ಯಾಶ್ ಬಂದರೆ ಲಾಗಿನ್ ಆಗುವುದು ಹೇಗೆ?

ನೋಂದಣಿ ಅಂದರೆ ಬಳಕೆದಾರರ ಟೇಬಲ್‌ಗೆ ಹೊಸ ಸಾಲೊಂದನ್ನು ಸೇರಿಸುವುದು, ಲಾಗಿನ್ ಅಂದರೆ ಆ ಸಾಲನ್ನು ಹುಡುಕಿ ತಾಳೆ ನೋಡುವುದು. ಫಾರ್ಮ್ ಕಟ್ಟುವುದು, ಪೋಸ್ಟ್ ಮಾಡುವುದು ನಿಮಗೆ ಬರುತ್ತದೆ ಅಂದುಕೊಂಡು ಮುಂದೆ ಹೋಗುತ್ತೇನೆ.

ನೋಂದಣಿಯ ಬಗ್ಗೆ ಎರಡೇ ಮಾತು. ಬ್ರೌಸರಿನಲ್ಲಿ ಮಾಡುವ ತಪಾಸಣೆ ಬಳಸುವವರ ಅನುಕೂಲಕ್ಕೆ ಮಾತ್ರ. ಫಾರ್ಮನ್ನು ಮುಟ್ಟದೆ ನೇರವಾಗಿ ಸರ್ವರಿಗೆ ರಿಕ್ವೆಸ್ಟ್ ಕಳಿಸಬಹುದಾದ್ದರಿಂದ ಅದೇ ತಪಾಸಣೆ ಸರ್ವರಿನಲ್ಲೂ ಆಗಲೇಬೇಕು. ಇನ್ನೊಂದು, ಇಮೇಲ್ ಈಗಾಗಲೇ ಇದೆಯೇ ಎಂದು ಕೋಡಿನಲ್ಲಿ ನೋಡಿದರೆ ಸಾಲದು. ಒಂದೇ ಕ್ಷಣದಲ್ಲಿ ಎರಡು ರಿಕ್ವೆಸ್ಟ್ ಬಂದರೆ ಎರಡಕ್ಕೂ "ಇಲ್ಲ" ಎಂಬ ಉತ್ತರವೇ ಸಿಕ್ಕಿ, ಎರಡೂ ಒಳಗೆ ಬಂದುಬಿಡುತ್ತವೆ. ಇಮೇಲ್ ಕಾಲಂಗೆ ಡೇಟಾಬೇಸಿನಲ್ಲೇ ಯುನೀಕ್ ನಿರ್ಬಂಧ (ಒಂದೇ ಬೆಲೆ ಎರಡು ಸಲ ಬರಕೂಡದು ಎಂಬ ಕಟ್ಟಳೆ) ಹಾಕಿ.

ಸಾಲ್ಟ್ ಎಲ್ಲಿ ಕೂತಿರುತ್ತದೆ?

ಪಾಸ್‌ವರ್ಡನ್ನು ಇದ್ದಂತೆಯೇ ಉಳಿಸುವುದಿಲ್ಲ, ಅದರ ಹ್ಯಾಶ್ (ಪಾಸ್‌ವರ್ಡಿನಿಂದ ಲೆಕ್ಕ ಹಾಕಿ ತೆಗೆದ, ಹಿಂದಕ್ಕೆ ತಿರುಗಿಸಲಾಗದ ಅಕ್ಷರಮಾಲೆ) ಉಳಿಸುತ್ತೇವೆ. ಆದರೆ ಬರೀ ಹ್ಯಾಶ್ ಮಾಡಿದರೆ, ಒಂದೇ ಪಾಸ್‌ವರ್ಡ್ ಇಟ್ಟುಕೊಂಡ ಇಬ್ಬರಿಗೂ ಒಂದೇ ಹ್ಯಾಶ್ ಬರುತ್ತದೆ. ಡೇಟಾಬೇಸ್ ಕದ್ದವನು ಜನ ಹೆಚ್ಚಾಗಿ ಬಳಸುವ ಪಾಸ್‌ವರ್ಡುಗಳ ಹ್ಯಾಶ್ ಪಟ್ಟಿಯನ್ನು ಮೊದಲೇ ಮಾಡಿಟ್ಟುಕೊಂಡಿದ್ದರೆ ಕೆಲಸ ಮುಗಿಯಿತು. ಅದಕ್ಕೇ ಪ್ರತಿ ಪಾಸ್‌ವರ್ಡಿಗೂ ಸಾಲ್ಟ್ ಎಂಬ ಯಾದೃಚ್ಛಿಕ ತುಣುಕೊಂದನ್ನು ಬೆರೆಸುವುದು. ಇದು ಹಳೆಯ ಉಪಾಯ. ಯುನಿಕ್ಸ್ ಪಾಸ್‌ವರ್ಡುಗಳ ಬಗ್ಗೆ ರಾಬರ್ಟ್ ಮಾರಿಸ್ ಮತ್ತು ಕೆನ್ ಥಾಂಪ್ಸನ್ 1979ರಲ್ಲಿ ಪ್ರಕಟಿಸಿದ ಲೇಖನದಲ್ಲೇ 12 ಬಿಟ್‌ನ ಸಾಲ್ಟ್ ಇದೆ.

ಗಂಟು ಬೀಳುವುದು ಇಲ್ಲಿ. ಪಾಸ್‌ವರ್ಡ್ ಹ್ಯಾಶ್ ಮಾಡುವ ಬಿಕ್ರಿಪ್ಟ್ ಎಂಬ ವಿಧಾನಕ್ಕೆ ಒಂದೇ ಪಾಸ್‌ವರ್ಡನ್ನು ಎರಡು ಸಲ ಕೊಟ್ಟು ನೋಡಿ, ಪ್ರತಿ ಸಲ ಹೊಸ ಸಾಲ್ಟ್ ಬೆರೆಯುವುದರಿಂದ ಎರಡು ಬೇರೆ ಹ್ಯಾಶ್ ಬರುತ್ತವೆ. ಹಾಗಾದರೆ ಲಾಗಿನ್ ಹೊತ್ತಿನಲ್ಲಿ ಟೈಪ್ ಮಾಡಿದ ಪಾಸ್‌ವರ್ಡನ್ನು ಮತ್ತೆ ಹ್ಯಾಶ್ ಮಾಡಿ ಹೋಲಿಸಿದರೆ ಯಾವತ್ತೂ ಹೊಂದಬಾರದಲ್ಲ? ನಿಜ, ಹೊಂದುವುದೇ ಇಲ್ಲ. ಅದಕ್ಕೇ ಲಾಗಿನ್‌ನಲ್ಲಿ ಹೊಸ ಸಾಲ್ಟ್ ಹುಟ್ಟಿಸುವುದಿಲ್ಲ, ನೋಂದಣಿಯ ದಿನ ಬಳಸಿದ ಹಳೆಯ ಸಾಲ್ಟನ್ನೇ ಮತ್ತೆ ಬಳಸುತ್ತಾರೆ. ಅದು ಎಲ್ಲಿದೆ? ಉಳಿಸಿಟ್ಟ ಹ್ಯಾಶಿನ ಒಳಗೇ ಇದೆ!

ಬಿಕ್ರಿಪ್ಟ್ ಕೊಡುವ ಅಕ್ಷರಮಾಲೆಯಲ್ಲಿ ಒಟ್ಟು 60 ಅಕ್ಷರಗಳು. ಮೊದಲ 7 ಅಕ್ಷರಗಳಲ್ಲಿ ಡಾಲರ್ ಚಿಹ್ನೆಗಳ ನಡುವೆ ಆವೃತ್ತಿ ಮತ್ತು ಕಾಸ್ಟ್ (ಹ್ಯಾಶ್ ಲೆಕ್ಕ ಎಷ್ಟು ನಿಧಾನವಾಗಬೇಕು ಎಂಬ ಸಂಖ್ಯೆ) ಇರುತ್ತವೆ. ಕಾಸ್ಟ್ ಸಾಮಾನ್ಯವಾಗಿ 10 ಅಥವಾ 12. ನಂತರದ 22 ಅಕ್ಷರ ಸಾಲ್ಟ್, ಕೊನೆಯ 31 ಅಕ್ಷರ ನಿಜವಾದ ಹ್ಯಾಶ್. ಸಾಲ್ಟ್ ಮತ್ತು ಹ್ಯಾಶ್ ನಡುವೆ ಮಾತ್ರ ಡಾಲರ್ ಚಿಹ್ನೆ ಇಲ್ಲ. ಆದ್ದರಿಂದ 53 ಅಕ್ಷರವೂ ಒಂದೇ ಹ್ಯಾಶ್ ಅನ್ನಿಸುತ್ತದೆ. ಹೀಗೆ ವಿನ್ಯಾಸ ಮಾಡಿದವರ ಮೇಲೆ ನನಗೆ ಸ್ವಲ್ಪ ಸಿಟ್ಟಿದೆ.

ಈಗ ಲಾಗಿನ್ ನೋಡಿ. ಇಮೇಲ್ ಹಿಡಿದು ಸಾಲು ಹುಡುಕು, ಉಳಿಸಿದ 60 ಅಕ್ಷರದಿಂದ ಕಾಸ್ಟ್ ಮತ್ತು ಸಾಲ್ಟ್ ತೆಗೆ, ಅವೆರಡನ್ನೇ ಬಳಸಿ ಟೈಪ್ ಮಾಡಿದ ಪಾಸ್‌ವರ್ಡನ್ನು ಹ್ಯಾಶ್ ಮಾಡು, ಕೊನೆಯ 31 ಅಕ್ಷರ ಹೋಲಿಸು. ಇದಿಷ್ಟನ್ನೂ ಲೈಬ್ರರಿಯ ವೆರಿಫೈ ಫಂಕ್ಷನ್ನೇ ಮಾಡುತ್ತದೆ. ಪಿಎಚ್‌ಪಿಯ ವೆರಿಫೈಗೆ ಪಾಸ್‌ವರ್ಡ್ ಮತ್ತು ಹಳೆಯ ಹ್ಯಾಶ್ ಎರಡನ್ನೇ ಕೊಡುತ್ತೇವೆ, ಸಾಲ್ಟ್ ಕೊಡಲು ಜಾಗವೇ ಇಲ್ಲ. ಟೇಬಲ್‌ನಲ್ಲೂ ಸಾಲ್ಟ್‌ಗೆ ಬೇರೆ ಕಾಲಂ ಬೇಡ.

ಸಾಲ್ಟ್ ಕಳ್ಳನಿಗೂ ಕಾಣುತ್ತದಲ್ಲ? ಕಾಣಲಿ, ಅದು ಗುಟ್ಟಲ್ಲ. ಪ್ರತಿ ಸಾಲಿಗೂ ಅವನು ಬೇರೆಬೇರೆಯಾಗಿ ಬೆವರು ಸುರಿಸುವಂತೆ ಮಾಡುವುದಷ್ಟೇ ಅದರ ಕೆಲಸ. ನಿಧಾನ ಮಾಡುವುದು ಕಾಸ್ಟ್‌ನ ಕೆಲಸ: 12 ಅಂದರೆ 2ರ 12ನೇ ಘಾತ, 4096 ಸುತ್ತು. 13 ಮಾಡಿದರೆ ಅದರ ಎರಡರಷ್ಟು. (12 ಬಿಟ್ ಸಾಲ್ಟ್‌ಗೂ 4096 ಸಾಧ್ಯತೆಗಳೇ. ಕಾಕತಾಳೀಯ, ಎರಡನ್ನೂ ಬೆರೆಸಬೇಡಿ.) 1999ರಲ್ಲಿ ನೀಲ್ಸ್ ಪ್ರೊವೋಸ್, ಡೇವಿಡ್ ಮಾಜಿಯೆರ್ ಬಿಕ್ರಿಪ್ಟ್ ಮಂಡಿಸಿದಾಗ ಮುಖ್ಯ ಅಂಶವೇ ಇದು: ಕಂಪ್ಯೂಟರುಗಳು ವೇಗವಾದಂತೆ ಕಾಸ್ಟ್ ಏರಿಸುತ್ತ ಹೋಗಬಹುದು. ಹಳೆಯ ಬಳಕೆದಾರರ ಹ್ಯಾಶಿನ ಕಾಸ್ಟ್ ಏರಿಸಬೇಕೆಂದರೆ ಅವರು ಲಾಗಿನ್ ಆಗುವವರೆಗೆ ಕಾಯಬೇಕು, ಏಕೆಂದರೆ ಅಸಲಿ ಪಾಸ್‌ವರ್ಡ್ ಸರ್ವರಿನ ಕೈಗೆ ಸಿಗುವುದು ಆಗ ಮಾತ್ರ.

ಕನ್ನಡಿಗರಿಗೆ ಒಂದು ವಿಶೇಷ ಸೂಚನೆ. ಬಿಕ್ರಿಪ್ಟ್ ನೋಡುವುದು ಮೊದಲ 72 ಬೈಟ್‌ಗಳನ್ನು ಮಾತ್ರ. ಅಕ್ಷರಗಳನ್ನು ಬೈಟ್‌ಗಳಾಗಿ ಬರೆಯುವ ಯುಟಿಎಫ್-8 ಪದ್ಧತಿಯಲ್ಲಿ ಕನ್ನಡದ ಒಂದೊಂದು ಸಂಕೇತಕ್ಕೂ (ವ್ಯಂಜನ, ಹಲಂತ, ಸ್ವರಚಿಹ್ನೆ ಎಲ್ಲವೂ ಬೇರೆಬೇರೆ ಸಂಕೇತ) 3 ಬೈಟ್ ಬೇಕು. "ಸ್ತ್ರೀ" ಕಣ್ಣಿಗೆ ಒಂದೇ ಅಕ್ಷರವಾದರೂ ಒಳಗೆ 6 ಸಂಕೇತ, ಅಂದರೆ 18 ಬೈಟ್. ಅಂಥ ನಾಲ್ಕು ಅಕ್ಷರಕ್ಕೆ ಮಿತಿ ಮುಗಿಯಿತು! ಉಳಿದದ್ದನ್ನು ಕೆಲವು ಲೈಬ್ರರಿಗಳು ಸದ್ದಿಲ್ಲದೆ ಕತ್ತರಿಸುತ್ತವೆ.

ಲಾಗಿನ್ ಆದ ಮೇಲೆ

ಎಚ್‌ಟಿಟಿಪಿಗೆ ನೆನಪಿಲ್ಲ, ಪ್ರತಿ ರಿಕ್ವೆಸ್ಟೂ ಹೊಸಬನೇ. ಅದಕ್ಕೇ ಸರ್ವರ್ ಊಹಿಸಲಾಗದ ಸೆಷನ್ ಐಡಿಯೊಂದನ್ನು (ಲಾಗಿನ್ ಆದವರ ಗುರುತು) ಕುಕಿಯಲ್ಲಿ, ಅಂದರೆ ಬ್ರೌಸರ್ ಉಳಿಸಿಕೊಳ್ಳುವ ಪುಟ್ಟ ಚೀಟಿಯಲ್ಲಿಟ್ಟು ಕಳಿಸುತ್ತದೆ, ಬ್ರೌಸರ್ ಅದನ್ನು ಪ್ರತಿ ಸಲವೂ ಮರಳಿಸುತ್ತದೆ. ಕುಕಿ 1994ರಲ್ಲಿ ನೆಟ್‌ಸ್ಕೇಪ್‌ನ ಲೂ ಮಾಂಟುಲ್ಲಿ ಕೊಟ್ಟದ್ದು. ಕುಕಿಗೆ ಎಚ್‌ಟಿಟಿಪಿ-ಓನ್ಲಿ ಹಾಕಿದರೆ ಜಾವಾಸ್ಕ್ರಿಪ್ಟ್ ಅದನ್ನು ಓದಲಾರದು, ಸೆಕ್ಯೂರ್ ಹಾಕಿದರೆ ಎಚ್‌ಟಿಟಿಪಿಎಸ್‌ನಲ್ಲಿ ಮಾತ್ರ ಹೋಗುತ್ತದೆ. ಲಾಗಿನ್ ಯಶಸ್ವಿಯಾದ ಕೂಡಲೇ ಐಡಿ ಬದಲಿಸಿ. ಲಾಗ್ಔಟ್‌ನಲ್ಲಿ ಕುಕಿ ಅಳಿಸಿದರೆ ಸಾಲದು, ಸರ್ವರಿನ ಸೆಷನ್ನೂ ಹೋಗಬೇಕು. ಇಲ್ಲದಿದ್ದರೆ ಕದ್ದ ಐಡಿ ಇನ್ನೂ ನಡೆಯುತ್ತದೆ.

ತಪ್ಪಾದಾಗ "ಇಮೇಲ್ ಅಥವಾ ಪಾಸ್‌ವರ್ಡ್ ಸರಿಯಿಲ್ಲ" ಎಂದಷ್ಟೇ ಹೇಳಿ. ಯಾವುದು ತಪ್ಪು ಎಂದರೆ ಯಾರ್‍ಯಾರ ಖಾತೆ ಇದೆ ಎಂಬುದು ಹೊರಬೀಳುತ್ತದೆ. ಸಮಯವೂ ಚಾಡಿ ಹೇಳುತ್ತದೆ: ಇಮೇಲ್ ಇಲ್ಲದಿದ್ದರೆ ಉತ್ತರ ತಕ್ಷಣ, ಇದ್ದರೆ ಬಿಕ್ರಿಪ್ಟ್ ಓಡಿದ ಮೇಲೆ. ಇಮೇಲ್ ಇಲ್ಲದಿದ್ದಾಗಲೂ ಒಂದು ಸುಳ್ಳು ಹ್ಯಾಶ್ ಜೊತೆ ವೆರಿಫೈ ಓಡಿಸುವುದು ಇದಕ್ಕೆ ಮದ್ದು.

ಪಾಸ್‌ವರ್ಡ್ ಮರೆತವರಿಗೆ ಹಳೆಯದನ್ನು ಸರ್ವರ್ ಹೇಳಲಾರದು, ಅದಕ್ಕೇ ಗೊತ್ತಿಲ್ಲ. ಹಳೆಯ ಪಾಸ್‌ವರ್ಡನ್ನೇ ಇಮೇಲ್ ಮಾಡುವ ಸೈಟ್ ಪಾಸ್‌ವರ್ಡನ್ನು ಮೇಲೆ ಹೇಳಿದಂತೆ ಹ್ಯಾಶ್ ಮಾಡಿಲ್ಲ ಎಂದರ್ಥ. ಸರಿಯಾದ ದಾರಿಯೆಂದರೆ ಒಮ್ಮೆ ಮಾತ್ರ ನಡೆಯುವ, ಬೇಗ ಅವಧಿ ಮುಗಿಯುವ ಟೋಕನ್ ಇರುವ ಲಿಂಕ್. ಹೊಸ ಪಾಸ್‌ವರ್ಡ್ ಹಾಕಿದ ಮೇಲೆ ಆ ಖಾತೆಯ ಹಳೆಯ ಸೆಷನ್‌ಗಳನ್ನೆಲ್ಲ ಅಳಿಸಿ.