ಮಕ್ಕಳ ಕಥೆ, ದೊಡ್ಡೋರ ಮ್ಯೂಸಿಕಲ್: ಆಲಿಸ್‌ಗೆ ಎಕ್ಸ್ ರೇಟಿಂಗ್ ಬಂದಿದ್ದು ಹೇಗೆ

ಮಕ್ಕಳ ಕಥೆ ತಗೊಂಡು ದೊಡ್ಡೋರಿಗೆ ಅಂತ ಯಾರಾದ್ರೂ ಸಿನಿಮಾ ಮಾಡಿದ್ರೆ ಸಾಕು, ‘ಇವ್ರು ಮಕ್ಕಳ ಕಥೆನೂ ಬಿಡಲ್ವಾ’ ಅಂತ ಒಂದು ಗುಂಪು, ‘ಮೂಲದಲ್ಲಿ ಅದು ಮಕ್ಕಳ ಕಥೆನೇ ಅಲ್ಲ’ ಅಂತ ಇನ್ನೊಂದು ಗುಂಪು ಕಿತ್ತಾಡ್ತವೆ. ದುಡ್ಡಿನ ಮಾತು ಮಾತ್ರ ಇಬ್ರೂ ಎತ್ತಲ್ಲ. ನನ್ನ ಪ್ರಕಾರ ಅರ್ಧ ಉತ್ತರ ಅಲ್ಲೇ ಇದೆ.

ಎರಡನೇ ಗುಂಪು ಹೇಳೋದು ಪೂರ್ತಿ ಸುಳ್ಳೇನಲ್ಲ. ಜರ್ಮನಿಯ ಗ್ರಿಮ್ ಸೋದರರ 1812ರ ಮೊದಲ ಆವೃತ್ತಿಯಲ್ಲಿ ಗೋಪುರದಲ್ಲಿ ಮುದುಕಿಯೊಬ್ಬಳು ಕೂಡಿಹಾಕಿರೋ ಹುಡುಗಿ ರಪುಂಜೆಲ್ ‘ನನ್ನ ಬಟ್ಟೆ ಯಾಕೆ ಬಿಗಿಯಾಗ್ತಿದೆ’ ಅಂತ ಮುಗ್ಧವಾಗಿ ಕೇಳ್ತಾಳೆ, ಬಸುರಿ ಅನ್ನೋದು ಓದುಗರಿಗೆ ಗೊತ್ತಾಗತ್ತೆ. ಆಮೇಲಿನ ಆವೃತ್ತಿಗಳಲ್ಲಿ ಆ ಮಾತು ತೆಗೆದು, ರಾಜಕುಮಾರನಿಗಿಂತ ಮುದುಕಿ ಯಾಕೆ ಜಾಸ್ತಿ ಭಾರ ಅಂತ ಕೇಳೋ ಹಾಗೆ ತಿದ್ದಿದ್ರು. ಅಂದ್ರೆ ಮೊದಲು ಮಡಿ ಮಾಡಿದ್ದೂ ದೊಡ್ಡೋರೇ.

‘ಆಲಿಸ್ ಇನ್ ವಂಡರ್‌ಲ್ಯಾಂಡ್’ ಕಥೆ ಬೇರೆ. ಅದು 1865ರಲ್ಲಿ ಮಕ್ಕಳಿಗೇ ಅಂತ ಬಂದ ಪುಸ್ತಕ, ನಮ್ಮಲ್ಲಿ ನಾ. ಕಸ್ತೂರಿ ಅದನ್ನ ‘ಪಾತಾಳದಲ್ಲಿ ಪಾಪಚ್ಚಿ’ ಮಾಡಿದ್ರಲ್ಲ, ಅದೇ. 1886ರಲ್ಲಿ ಲಂಡನ್‌ನಲ್ಲಿ ಅದನ್ನ ಹಾಡು-ಕುಣಿತದ ನಾಟಕ ಮಾಡ್ತೀವಿ ಅಂದಾಗ ಅದನ್ನ ಬರೆದ ಲೂಯಿಸ್ ಕ್ಯಾರಲ್ ಒಪ್ಪಿದ್ರು, ಆದ್ರೆ ಸಂಭಾಷಣೆಯಲ್ಲಾಗಲಿ ಅಭಿನಯದಲ್ಲಾಗಲಿ ಅಸಭ್ಯ ಅನ್ನಿಸೋದು ಏನೂ ಇರಬಾರದು ಅಂತ ಬರವಣಿಗೆಯಲ್ಲೇ ಗ್ಯಾರಂಟಿ ಕೇಳಿದ್ರು. ಆ ಕಾಲದ ಲಂಡನ್ ಬರ್ಲೆಸ್ಕ್ ಅನ್ನೋ ಗೇಲಿ ನಾಟಕಗಳಲ್ಲಿ ಗೊತ್ತಿರೋ ಕಥೆ ಇಟ್ಕೊಂಡು ಡಬಲ್ ಮೀನಿಂಗ್ ಹೊಡೆಯೋದು ಮಾಮೂಲಿ ಆಗಿತ್ತು, ಅವ್ರ ಭಯಕ್ಕೆ ಕಾರಣ ಇತ್ತು. ಕ್ಯಾರಲ್ 1898ರಲ್ಲಿ ತೀರ್ಕೊಂಡ್ರು, 1907ಕ್ಕೆ ಬ್ರಿಟನ್‌ನಲ್ಲಿ ಕಾಪಿರೈಟ್ ಮುಗೀತು, ಅಲ್ಲಿಂದಾಚೆ ಕೇಳೋರಿಲ್ಲ.

ಆಮೇಲೆ, ಮೂವತ್ತರ ದಶಕದ ಕೊನೆಯಿಂದ ಡಿಸ್ನಿದೇ ರಾಜ್ಯ ಅಂತ ಒಂದೇ ಮಾತಲ್ಲಿ ಮುಗಿಸಬಹುದು.

ನಿಜವಾದ ಗೋಜಲು ಇರೋದು 1968ರಿಂದ 1978ರವರೆಗೆ, ಅಮೆರಿಕದಲ್ಲಿ. 1968ರಲ್ಲಿ ಹಾಲಿವುಡ್ ರೇಟಿಂಗ್ ಪದ್ಧತಿ ತಂತು. ಬೇರೆ ರೇಟಿಂಗ್‌ಗಳಿಗೆಲ್ಲ ಟ್ರೇಡ್‌ಮಾರ್ಕ್ ಮಾಡಿಸಿ ದೊಡ್ಡೋರಿಗೆ ಮಾತ್ರ ಅನ್ನೋ ‘ಎಕ್ಸ್’ ಒಂದನ್ನ ಹಾಗೇ ಬಿಟ್ರು, ಹಾಗಾಗಿ ರೇಟಿಂಗ್ ಕೊಡೋರಿಗೆ ಸಿನಿಮಾ ತೋರಿಸದೇನೇ ಯಾರು ಬೇಕಾದ್ರೂ ತಮ್ಮ ಪೋಸ್ಟರ್ ಮೇಲೆ ಎಕ್ಸ್ ಹಾಕ್ಕೋಬಹುದಿತ್ತು, ಹಾಕ್ಕೊಂಡ್ರು ಕೂಡ. 1972ರ ಹೊತ್ತಿಗೆ ಇಂಥ ಹಸಿ ಸಿನಿಮಾಗೆ ಗಂಡ-ಹೆಂಡ್ತಿ ಒಟ್ಟಿಗೆ ಹೋಗೋದು ಫ್ಯಾಷನ್ ಆಯ್ತು. ಮರುವರ್ಷವೇ ಮಿಲ್ಲರ್ ಕೇಸಲ್ಲಿ ಅಮೆರಿಕದ ಸುಪ್ರೀಂ ಕೋರ್ಟು, ಯಾವುದು ಅಶ್ಲೀಲ ಅಂತ ನೋಡುವಾಗ ಆಯಾ ಊರಿನ ಜನರ ಮಟ್ಟ ಲೆಕ್ಕಕ್ಕೆ ತಗೋಬೇಕು, ಕೃತಿಗೆ ಗಂಭೀರ ಕಲಾಮೌಲ್ಯ ಇದ್ಯಾ ಅನ್ನೋದನ್ನೂ ನೋಡಬೇಕು ಅಂತು. ಒಂದೂರಲ್ಲಿ ಹೌಸ್‌ಫುಲ್ ಆಗಿರೋ ಸಿನಿಮಾ ಪಕ್ಕದೂರಲ್ಲಿ ಕೇಸು!

1976ರಲ್ಲಿ ಬಡ್ ಟೌನ್‌ಸೆಂಡ್ ನಿರ್ದೇಶನದ, ಬಿಲ್ ಓಸ್ಕೋ ನಿರ್ಮಾಣದ ಎಕ್ಸ್ ರೇಟೆಡ್ ಆಲಿಸ್ ಬಂದಿದ್ದು ಇಂಥ ಹೊತ್ತಲ್ಲಿ. ಇಲ್ಲಿ ಆಲಿಸ್ ಮಗು ಅಲ್ಲ, ಲೈಬ್ರರಿಯಲ್ಲಿ ಕೆಲಸ ಮಾಡೋ, ಪ್ರೀತಿಸೋ ಹುಡುಗನ್ನ ದೂರ ಇಡೋ ಯುವತಿ. ಪುಸ್ತಕ ಓದ್ತಾ ನಿದ್ದೆ ಹೋಗ್ತಾಳೆ, ಮೊಲ ಬರತ್ತೆ, ಹಾಡುಗಳು ಶುರು. ಈ ಹಾಡುಗಳು ಬರೀ ಅಲಂಕಾರ ಅಲ್ಲ ಅಂತ ನನಗನ್ಸತ್ತೆ. ಹಸಿ ದೃಶ್ಯ ಕತ್ತರಿಸಿದ್ರೂ ಕಥೆ, ಹಾಡು, ಜೋಕು ಉಳಿಯತ್ತೆ, ಹಾಗಾಗಿ ಅದೇ ಸಿನಿಮಾನ ಕಮ್ಮಿ ಮಾಡಿ, ಎಕ್ಸ್‌ಗಿಂತ ಒಂದು ಮೆಟ್ಟಿಲು ಕೆಳಗಿನ ‘ಆರ್’ ರೇಟಿಂಗ್ ಪ್ರಿಂಟಾಗಿ ಮಾಮೂಲಿ ಥಿಯೇಟರ್‌ಗೂ ಬಿಡೋಕಾಯ್ತು. ಇವತ್ತು ಆ ಸಿನಿಮಾ ಬಗ್ಗೆ ಒಬ್ರು ‘ಮುದ್ದಾಗಿದೆ’ ಇನ್ನೊಬ್ರು ‘ಛೀ’ ಅಂದ್ರೆ ಇಬ್ರೂ ನೋಡಿರೋದು ಬೇರೆ ಬೇರೆ ಪ್ರಿಂಟ್ ಇರಬಹುದು. ನಾಯಕಿ ಕ್ರಿಸ್ಟೀನ್ ಡಿಬೆಲ್ ಆಮೇಲೆ ಬಿಲ್ ಮರ್ರೆ ಜೊತೆ, ಜಾಕಿ ಚಾನ್ ಜೊತೆ ಮಾಮೂಲಿ ಸಿನಿಮಾಗಳನ್ನೇ ಮಾಡಿದ್ರು.

ಹಿಂದೆನೇ ಚಾರ್ಲ್ಸ್ ಬ್ಯಾಂಡ್ ನಿರ್ಮಾಣದಲ್ಲಿ 1977ಕ್ಕೆ ಸಿಂಡರೆಲಾ, 1978ಕ್ಕೆ ‘ಫೇರಿ ಟೇಲ್ಸ್’ ಬಂದ್ವು, ಎರಡೂ ಮ್ಯೂಸಿಕಲ್. ಕಥೆಗೆ ರಾಯಲ್ಟಿ ಇಲ್ಲ, ಹೆಸರು ಆಗ್ಲೇ ಮನೆಮನೆಗೂ ಗೊತ್ತು, ಪಬ್ಲಿಸಿಟಿ ಪುಕ್ಕಟೆ. ಖರ್ಚು ಅಂದ್ರೆ ಸೆಟ್ಟು, ಕಾಸ್ಟ್ಯೂಮು, ಸಂಗೀತ. ಎಂಬತ್ತರ ದಶಕದಲ್ಲಿ ವಿಡಿಯೋ ಕ್ಯಾಸೆಟ್ ಬಂದು ಜನ ಮನೇಲೇ ಕೂತು ನೋಡೋಕೆ ಶುರು ಮಾಡಿದ್ಮೇಲೆ, ಅದೂ ರಿಮೋಟ್ ಕೈಯಲ್ಲಿದ್ದಾಗ, ಹಾಡಿಗೆ ಯಾರು ದುಡ್ಡು ಹಾಕ್ತಾರೆ ಹೇಳಿ. ಪ್ಯಾರಡಿ ಹೆಸರುಗಳು ಮಾತ್ರ ಉಳಿದ್ವು, ಮ್ಯೂಸಿಕಲ್ ಹೋಯ್ತು. ‘ನೈತಿಕತೆ ಗೆದ್ದಿತು’ ಅಂತ ಹೇಳೋರಿದ್ದಾರೆ, ನನಗಂತೂ ಗೆದ್ದಿದ್ದು ಕ್ಯಾಸೆಟ್ ಅನ್ಸತ್ತೆ.

ಈಗ ಅದೇ ಲೆಕ್ಕಾಚಾರ ಹಾರರ್‌ಗೆ ಬಂದಿದೆ. ಪೂ ಅನ್ನೋ ಕರಡಿಯ ಮಕ್ಕಳ ಕಥೆ, 1926ರ ವಿನ್ನಿ ದ ಪೂ ಪುಸ್ತಕ 2022ರ ಜನವರಿ 1ಕ್ಕೆ ಅಮೆರಿಕದಲ್ಲಿ ಕಾಪಿರೈಟ್‌ನಿಂದ ಆಚೆ ಬಂತು, 2023ಕ್ಕೆ ಪೂ ಕೊಲೆಗಾರನಾಗಿರೋ ಸಿನಿಮಾ ಥಿಯೇಟರಲ್ಲಿತ್ತು, ಬಜೆಟ್ ಒಂದು ಲಕ್ಷ ಡಾಲರ್‌ಗೂ ಕಮ್ಮಿ. ಅದರಲ್ಲಿ ಪೂನ ಹುಲಿ ಗೆಳೆಯ ಟಿಗರ್ ಇರ್ಲಿಲ್ಲ, ಯಾಕಂದ್ರೆ ಟಿಗರ್ ಬರೋದು 1928ರ ಪುಸ್ತಕದಲ್ಲಿ. ಆ ಪುಸ್ತಕ 2024ರ ಜನವರಿಗೆ ಫ್ರೀ ಆಯ್ತು, ಅದೇ ವರ್ಷ ಬಂದ ಎರಡನೇ ಭಾಗದಲ್ಲಿ ಟಿಗರ್ ಹಾಜರ್.