ಗೌಟ್ ನೋವಿಗೆ ಅಂಗಡಿಯ ಗುಳಿಗೆ ಸಾಕೇ?

ಪ್ರಶ್ನೆ: ನಮ್ಮ ತಂದೆಗೆ 58 ವರ್ಷ, ಜಮಖಂಡಿ ಹತ್ತಿರ ಕಬ್ಬು ಬೆಳೆಯುತ್ತಾರೆ. ಗೌಟ್ (ರಕ್ತದಲ್ಲಿ ಯೂರಿಕ್ ಆಮ್ಲ ಹೆಚ್ಚಾಗಿ ಕೀಲು ಬಾತು ನೋಯುವ ಕಾಯಿಲೆ) ಇದೆ, ರಕ್ತದೊತ್ತಡದ ಗುಳಿಗೆಯನ್ನೂ ನುಂಗುತ್ತಾರೆ. ರಾತ್ರಿ ಕಾಲಿನ ಹೆಬ್ಬೆರಳು ಬಾತು, ಹೊದಿಕೆ ತಾಗಿದರೂ ನರಳುತ್ತಾರೆ. ಔಷಧ ಅಂಗಡಿಯಿಂದ ನೋವಿನ ಗುಳಿಗೆ ತಂದು ಕೊಡಬಹುದೇ?

ಉತ್ತರ: ಗುಳಿಗೆ ತರುವ ಮೊದಲು ತಂದೆಯವರ ಮೂತ್ರಪಿಂಡ ಹೇಗಿದೆ ಎಂದು ತೋರಿಸುವ ಕ್ರಿಯಾಟಿನಿನ್ ವರದಿ ಹುಡುಕಿ. ಇಲ್ಲವಾದರೆ ಮೊದಲು ಆ ರಕ್ತಪರೀಕ್ಷೆ ಮಾಡಿಸಿ. ಅಂಗಡಿಯಲ್ಲಿ ಸುಲಭವಾಗಿ ಸಿಗುವ ಡೈಕ್ಲೋಫೆನಾಕ್, ನ್ಯಾಪ್ರೋಕ್ಸೆನ್‌ನಂಥವು ಗೌಟ್ ನೋವನ್ನು ಇಳಿಸುವುದು ನಿಜ. ಆದರೆ ಮೂತ್ರಪಿಂಡ ಸೋತವರಿಗೆ, ಹೊಟ್ಟೆ ಹುಣ್ಣು ಅಥವಾ ಹೃದಯದ ಕಾಯಿಲೆ ಇರುವವರಿಗೆ ಅವು ಅಪಾಯ. ಲೊಸಾರ್ಟನ್‌ನಂಥ ರಕ್ತದೊತ್ತಡದ ಗುಳಿಗೆ, ಮೂತ್ರ ಹೆಚ್ಚಿಸುವ ಗುಳಿಗೆ, ಇವುಗಳ ಮೇಲೆ ನೋವಿನ ಗುಳಿಗೆ: ಮೂರೂ ಸೇರಿದರೆ ಮೂತ್ರಪಿಂಡಕ್ಕೆ ಪೆಟ್ಟು ಬೀಳಬಹುದು. ಬೇಸಿಗೆಯ ಬಿಸಿಲಲ್ಲಿ ಹೊಲದಲ್ಲಿ ಬೆವರಿ, ನೀರು ಕಡಿಮೆ ಕುಡಿದ ದಿನವಂತೂ ಅಪಾಯ ಇನ್ನೂ ಹೆಚ್ಚು. ನನಗೆ ಹೆಚ್ಚು ಆತಂಕ ತರುವುದು ಇದೇ.

ಇಂಥವರಿಗೆ ವೈದ್ಯರು ಕಾಲ್ಚಿಸಿನ್ ಅಥವಾ ಕೆಲವೇ ದಿನ ಪ್ರೆಡ್ನಿಸೋಲೋನ್ ಬರೆದುಕೊಡುತ್ತಾರೆ. ಕಾಲ್ಚಿಸಿನ್ ನೋವು ಶುರುವಾದ ಮೊದಲ ದಿನವೇ, ಕಡಿಮೆ ಪ್ರಮಾಣದಲ್ಲಿ ಬೇಕು. ಭೇದಿಯಾಗುವವರೆಗೂ ನುಂಗುವ ಹಳೆಯ ಪದ್ಧತಿ ಈಗಿಲ್ಲ. ಮೂತ್ರಪಿಂಡ ಸೋತಿದ್ದರೆ ಅದರ ಪ್ರಮಾಣವನ್ನೂ ಇಳಿಸಬೇಕು. ಕ್ಲಾರಿಥ್ರೊಮೈಸಿನ್ ಎಂಬ ಆ್ಯಂಟಿಬಯಾಟಿಕ್ ಜೊತೆಗಂತೂ ಅದು ಬೇಡ. ಪ್ರೆಡ್ನಿಸೋಲೋನ್ ಸಕ್ಕರೆ ಏರಿಸುತ್ತದೆ, ಮಧುಮೇಹವಿದ್ದರೆ ಮೊದಲೇ ಹೇಳಿ. ಪ್ಯಾರಾಸಿಟಮಾಲ್ ಬಾವು ಇಳಿಸದು, ಸ್ವಲ್ಪ ಸಮಾಧಾನ ಕೊಡಬಹುದು ಅಷ್ಟೇ. ಬಟ್ಟೆಯಲ್ಲಿ ಸುತ್ತಿದ ಮಂಜುಗಡ್ಡೆ ಇಡಿ. ಸಂತೆಯ ಹೆಸರಿಲ್ಲದ ವಾತದ ಪುಡಿ ಖಂಡಿತ ಬೇಡ, ಅಂಥ ಪುಡಿಗಳಲ್ಲಿ ಸ್ಟೀರಾಯ್ಡ್ ಬೆರೆಸಿದ್ದು ಸಿಕ್ಕಿಬಿದ್ದಿದೆ.

ನೋವಿಗೆಂದು ಆಸ್ಪಿರಿನ್ ಕೊಡಬೇಡಿ, ಅದು ಯೂರಿಕ್ ಆಮ್ಲವನ್ನು ಏರುಪೇರು ಮಾಡುತ್ತದೆ. ಆದರೆ ಹೃದಯಕ್ಕೆಂದು ವೈದ್ಯರೇ ಕೊಟ್ಟ ಸಣ್ಣ ಆಸ್ಪಿರಿನ್ ಗುಳಿಗೆಯನ್ನು ನೀವಾಗಿ ನಿಲ್ಲಿಸಲೂಬೇಡಿ. ರಕ್ತದೊತ್ತಡಕ್ಕೆ ಹೈಡ್ರೊಕ್ಲೋರೊಥಯಾಜೈಡ್ ಇದ್ದರೆ, ಯೂರಿಕ್ ಆಮ್ಲ ಏರಲು ಅದೂ ಕಾರಣವಾಗಿರಬಹುದು. ಬದಲಿಸಲು ಸಾಧ್ಯವೇ ಎಂದು ಕೇಳಿ. ಲೊಸಾರ್ಟನ್ ಯೂರಿಕ್ ಆಮ್ಲವನ್ನು ಸ್ವಲ್ಪ ಇಳಿಸುತ್ತದೆ.

ಇವೆಲ್ಲ ನೋವಿಗೆ ಮಾತ್ರ. ನೋವು ಮರುಕಳಿಸುತ್ತಿದ್ದರೆ ಯೂರಿಕ್ ಆಮ್ಲ ಇಳಿಸುವ ಅಲೋಪ್ಯುರಿನಾಲ್ ಬೇಕಾಗಬಹುದು. ಸಾಮಾನ್ಯವಾಗಿ 100 ಮಿಲಿಗ್ರಾಂ ಅಥವಾ ಅದಕ್ಕೂ ಕಡಿಮೆಯಿಂದ ಆರಂಭಿಸಿ, ರಕ್ತಪರೀಕ್ಷೆಯಲ್ಲಿ ಯೂರಿಕ್ ಆಮ್ಲ 6ಕ್ಕಿಂತ (ಮಿಲಿಗ್ರಾಂ/ಡೆಸಿಲೀಟರ್) ಕೆಳಗಿಳಿಯುವವರೆಗೆ ನಿಧಾನವಾಗಿ ಹೆಚ್ಚಿಸುತ್ತಾರೆ. ಮೊದಲ ತಿಂಗಳುಗಳಲ್ಲಿ ನೋವು ಮತ್ತೆ ಬರಬಹುದು, ಹಾಗೆಂದು ನಿಲ್ಲಿಸಬಾರದು. ಮೈಮೇಲೆ ದದ್ದು ಎದ್ದರೆ ಮಾತ್ರ ಕೂಡಲೇ ನಿಲ್ಲಿಸಿ ವೈದ್ಯರನ್ನು ಕಾಣಿ. ತೊಗರಿಬೇಳೆ ಬಿಡಿಸಿ ತಂದೆಯವರನ್ನು ಸೊರಗಿಸಬೇಡಿ. ಮದ್ಯ ಮತ್ತು ಹೆಚ್ಚು ಮಾಂಸದಷ್ಟು ತೊಂದರೆ ಬೇಳೆಯಿಂದಾಗದು.

ಬಾತ ಕೀಲಿನ ಜೊತೆಗೆ ಚಳಿ, ಜ್ವರ ಬಂದರೆ ಅದು ಕೀಲಿನ ಸೋಂಕಾಗಿರಬಹುದು. ಆಗ ಯಾವ ಗುಳಿಗೆಗೂ ಕಾಯದೆ ಅಂದೇ ಆಸ್ಪತ್ರೆಗೆ ಕರೆದೊಯ್ಯಿರಿ.